ನಿದ್ದೆಯ ಚಿತ್ರದಲ್ಲಿ ಎಚ್ಚರವಿದ್ದವರು

ಜರ್ಮನಿಯ ವರ್ನರ್ ಹೆರ್ಟ್ಸೋಗ್ ಅವರು 1976ರಲ್ಲಿ ತೆಗೆದ 'ಗಾಜಿನ ಹೃದಯ'ವೆಂಬ ಪ್ರಯೋಗಚಿತ್ರವನ್ನು ಈ ವರ್ಷ ವಿದ್ಯಾರ್ಥಿನಿಲಯದ ಗೆಳೆಯರು ಕೂಡಿ ನೋಡಿದೆವು. ಅರ್ಧಕ್ಕೇ ಎದ್ದುಹೋದವರು ಹಲವರು. ನಟರೆಲ್ಲ ನಿದ್ದೆಗಣ್ಣಿನಲ್ಲಿ ನಡೆಯುತ್ತಾರೆ, ಒಬ್ಬನ ಪ್ರಶ್ನೆಗೆ ಇನ್ನೊಬ್ಬನ ಉತ್ತರ ಬರುವ ಹೊತ್ತಿಗೆ ನಮಗೇ ತೂಕಡಿಕೆ ಹತ್ತುತ್ತದೆ ಎಂಬುದು ಅವರ ದೂರು. ದೂರು ಸುಳ್ಳಲ್ಲ. ನಿರ್ದೇಶಕರು ಬಹುಪಾಲು ನಟರನ್ನು ನಿಜವಾಗಿಯೇ ಸಮ್ಮೋಹನಕ್ಕೆ ಒಳಪಡಿಸಿ ಅಭಿನಯ ಮಾಡಿಸಿದ್ದರು. ಆದರೆ ಇದು ಬರಿಯ ಚಮತ್ಕಾರವೆಂಬ ಮಾತನ್ನು ನಾನು ಒಪ್ಪಲಾರೆ.

ಕಥೆ 18ನೆಯ ಶತಮಾನದ ಬವೇರಿಯಾದ ಹಳ್ಳಿಯೊಂದರದು. ಮಾಣಿಕ್ಯದಂತಹ ಕೆಂಪು ಗಾಜಿನ ಗುಟ್ಟನ್ನು ಬಲ್ಲ ಕಸಬುದಾರ ಅದನ್ನು ಯಾರಿಗೂ ಹೇಳದೆ ಸಾಯುತ್ತಾನೆ. ಕಾರ್ಖಾನೆಯ ಒಡೆಯ ಅದಕ್ಕಾಗಿ ಎಲ್ಲೆಲ್ಲೋ ಹುಡುಕಿ ಸೋತು, ಕಡೆಗೆ ರಕ್ತವೇ ಬೇಕೆಂಬ ಭ್ರಮೆಯಿಂದ ಮನೆಗೆಲಸದ ಹುಡುಗಿಯನ್ನು ಕೊಲ್ಲುತ್ತಾನೆ, ಕಾರ್ಖಾನೆಗೂ ಬೆಂಕಿಯಿಡುತ್ತಾನೆ. ಕೋಟೆ ನಿಲ್ಲಲು, ಸೇತುವೆ ಉಳಿಯಲು ನರಬಲಿ ಬೇಕೆಂಬ ಐತಿಹ್ಯಗಳು ಯೂರೋಪಿನಲ್ಲಿ ಬಹು ಹಳೆಯವು. ಆ ಕಥೆಗಳಲ್ಲಿ ಬಲಿಯಾದ ಬಳಿಕ ಗೋಡೆ ನಿಲ್ಲುತ್ತದೆ. ಇಲ್ಲಿ ಕೆಂಪು ಗಾಜು ಹುಟ್ಟುವುದಿಲ್ಲ. ಗಾಜಿಗೆ ಆ ಕೆಂಪನ್ನು ಚಿನ್ನದಿಂದ ಬರಿಸಬಹುದು. 17ನೆಯ ಶತಮಾನದಲ್ಲಿಯೇ ಯೋಹಾನ್ ಕುಂಕೆಲ್ ಎಂಬ ಜರ್ಮನ್ ರಸಾಯನಜ್ಞ ಅದನ್ನು ಮಾಡಿದ್ದ. ಹುಡುಗಿ ಸತ್ತದ್ದು ಏತಕ್ಕೂ ಅಲ್ಲ.

ಚಿತ್ರದಲ್ಲಿ ಸಮ್ಮೋಹನಕ್ಕೆ ಒಳಗಾಗದೆ ಉಳಿದವರು ಯಾರು? ಒಬ್ಬ, ಮುಂದಾಗುವುದನ್ನು ಕಾಣುವ ಹಿಯಾಸ್. ಬವೇರಿಯಾದ ಕಾಡುಸೀಮೆಯ ಐತಿಹ್ಯದಲ್ಲಿ ಹೆಸರಾದ ಮ್ಯೂಲ್‌ಹಿಯಾಸಲ್ ಎಂಬ ಕಾಲಜ್ಞಾನಿಯೇ ಈ ಪಾತ್ರಕ್ಕೆ ಮೂಲ. ಉಳಿದವರು ಕುಲುಮೆಯ ಮುಂದೆ ನಿಂತ ಗಾಜಿನ ಕೆಲಸಗಾರರು. ಇವರು ನಟರಲ್ಲ, ಅದೇ ಕಸಬಿನವರು. ಕಾದ ಗಾಜನ್ನು ಮಂಪರಿನಲ್ಲಿ ಊದಲಾಗದೆಂಬುದು ಸರಿಯೇ. ಆದರೂ ಒಡೆಯ ನಿದ್ದೆಯಲ್ಲಿರುವಾಗ ಕೆಲಸಗಾರನ ಕೈ ಎಚ್ಚರವಾಗಿರುವುದನ್ನು ನೋಡಿ ನಾನು ನೆಟ್ಟಗೆ ಕುಳಿತೆ. (ಕೊನೆಯಲ್ಲಿ ಬರುವ ಸಮುದ್ರದ ಬಂಡೆಯ ದೃಶ್ಯ ಮಾತ್ರ ಬೇರೆ ಚಿತ್ರದಿಂದ ತಂದು ಅಂಟಿಸಿದಂತೆ ತೋರಿತು.)

ನನ್ನ ತಂದೆ ಕುಂಬಾರರು. ನಮ್ಮ ಮನೆಯಲ್ಲಿ ಬಿ.ಎ. ತರಗತಿಯ ಮೆಟ್ಟಿಲು ಹತ್ತಿದವನು ನಾನೇ ಮೊದಲು. ಆವಿಗೆಯಲ್ಲಿ ಮಡಕೆ ಬೆಂದ ಹದವನ್ನು ಅವರು ಹೇಗೆ ತಿಳಿಯುತ್ತಾರೋ ನಾನರಿಯೆ. ಚಿಕ್ಕಂದಿನಲ್ಲಿ ಕೇಳಿದರೆ "ನೋಡ್ತಾ ನೋಡ್ತಾ ತಿಳೀತದಪ್ಪ, ನೀನು ಹೋಗಿ ಓದ್ಕೋ" ಎನ್ನುತ್ತಿದ್ದರು. ನಾನು ಹೋಗಿ ಓದಿಕೊಂಡೆ. ಚಿತ್ರದ ಆ ಮುದುಕನೂ ಗುಟ್ಟನ್ನು ಜಿಪುಣತನದಿಂದ ಬಚ್ಚಿಟ್ಟವನೆಂದು ನನಗೆ ಅನ್ನಿಸಲಿಲ್ಲ. ಅವನನ್ನು ಕುಲುಮೆಯ ಬಳಿ ಕುಳಿತು ಕೇಳಿದವರು ಯಾರು?

ಪರೀಕ್ಷೆ ಮುಗಿದು ಊರಿಗೆ ಹೋದಾಗ ಒಂದು ಆವಿಗೆಯನ್ನಾದರೂ ಬೆಂಕಿ ಹಾಕುವಾಗಿನಿಂದ ಆರುವವರೆಗೂ ಕುಳಿತು ನೋಡಬೇಕೆಂದಿದ್ದೇನೆ.