ರಸ್ತೆ ಅಗಲವಾಗಲಿ, ನ್ಯಾಯ ಕಿರಿದಾಗದಿರಲಿ



ರಸ್ತೆ ಅಗಲೀಕರಣದ ವಿಚಾರ ನ್ಯಾಯಾಲಯದ ಮೆಟ್ಟಿಲೇರಿದಾಗಲೆಲ್ಲ ಒಂದು ಮಾತು ಕೇಳಿಬರುತ್ತದೆ: ‘ನಾಲ್ಕು ಜನರ ಹಟಕ್ಕೆ ಊರಿನ ಅಭಿವೃದ್ಧಿ ನಿಂತಿತು.’ ಸರ್ಕಾರಿ ಎಂಜಿನಿಯರಾಗಿ ದುಡಿದು ನಿವೃತ್ತನಾದ ನಾನು ಈ ಮಾತನ್ನು ಒಪ್ಪಲಾರೆ. ರಸ್ತೆ ಅಗಲವಾಗಲೇಬೇಕು, ಬಸ್ಸಿಗೂ ಆಂಬುಲೆನ್ಸಿಗೂ ದಾರಿ ಬೇಕು. ಆದರೆ ಕಾಮಗಾರಿ ನಿಲ್ಲುವುದು ದಾವೆಯಿಂದಲ್ಲ, ದಾವೆಗೆ ಆಸ್ಪದ ಕೊಡುವ ಅವಸರದಿಂದ.

ಉತ್ತರ ಪ್ರದೇಶದ ಮಹಾರಾಜ್‌ಗಂಜ್‌ನಲ್ಲಿ 2019ರಲ್ಲಿ ಹೆದ್ದಾರಿ ಅಗಲೀಕರಣಕ್ಕೆಂದು ಒಂದು ಮನೆಯನ್ನು ಕೆಡವಿದರು. ಲಿಖಿತ ನೋಟಿಸ್ ಇರಲಿಲ್ಲ. ಒತ್ತುವರಿ ಎಂದು ಹೇಳಿದ್ದು 3.70 ಮೀಟರ್; ಒಡೆದದ್ದು ಅದಕ್ಕಿಂತ ಎಷ್ಟೋ ಹೆಚ್ಚು. 2024ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ 25 ಲಕ್ಷ ರೂಪಾಯಿ ಮಧ್ಯಂತರ ಪರಿಹಾರ ಕೊಡಿಸಿ, ಎಲ್ಲ ರಾಜ್ಯಗಳಿಗೂ ಕ್ರಮ ಹಾಕಿಕೊಟ್ಟಿತು. ಮೊದಲು ದಾಖಲೆಯಲ್ಲಿರುವ ರಸ್ತೆಯ ಅಗಲ ನೋಡಿ ಸರ್ವೆ ಮಾಡಬೇಕು. ಒತ್ತುವರಿಯಿದ್ದರೆ ನೋಟಿಸ್ ಕೊಟ್ಟು, ಆಕ್ಷೇಪಣೆ ಕೇಳಿ, ಕಾರಣ ಬರೆದು ಆದೇಶ ಮಾಡಬೇಕು. ಒತ್ತುವರಿಯಿಲ್ಲದೆ ಜಾಗ ಸಾಲದಿದ್ದರೆ ಕಾನೂನಿನಂತೆ ಭೂಸ್ವಾಧೀನ ಮಾಡಿಕೊಳ್ಳಬೇಕು.

ಇದೇನೂ ಹೊರಲಾರದ ಹೊರೆಯಲ್ಲ. ನಕ್ಷೆಯಲ್ಲಿ ರಸ್ತೆಯ ಮಧ್ಯರೇಖೆ ಎರಡು ಅಡಿ ಸರಿದರೂ ಸಾಕು, ಒಂದು ಬದಿಯ ಅಂಗಡಿ ಉಳಿಯುತ್ತದೆ, ಎದುರಿನದು ಹೋಗುತ್ತದೆ. ಆದ್ದರಿಂದಲೇ ಆ ರೇಖೆ ಎಲ್ಲಿ, ಏಕೆ ಎಂಬುದು ಕಾಗದದ ಮೇಲೆ ಇರಬೇಕು, ಜನರ ಕಣ್ಣಿಗೆ ಬೀಳಬೇಕು. ಗೋಡೆಗೆ ಬಳಿದ ಕೆಂಪು ಬಣ್ಣ ನೋಟಿಸ್ ಅಲ್ಲ.

ಪರಿಹಾರದ ಕಥೆಯೂ ಇಷ್ಟೇ. ಬೆಂಗಳೂರಿನಲ್ಲಿ ಹಣದ ಬದಲು ಟಿಡಿಆರ್, ಅಂದರೆ ಬೇರೆಡೆ ಹೆಚ್ಚುವರಿ ಕಟ್ಟಡ ಕಟ್ಟುವ ಅಥವಾ ಮಾರಿಕೊಳ್ಳುವ ಹಕ್ಕಿನ ಪತ್ರ ಕೊಡುವ ಪದ್ಧತಿಯಿದೆ. ಬಳ್ಳಾರಿ ರಸ್ತೆ, ಜಯಮಹಲ್ ರಸ್ತೆಗಳ ಅಗಲೀಕರಣಕ್ಕೆ ಬೇಕಾದ ಅರಮನೆಯ 15 ಎಕರೆ 39 ಗುಂಟೆ ಜಾಗಕ್ಕೆ ಟಿಡಿಆರ್ ಕೊಡಿ ಎಂದು 2024ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಅರಮನೆ ಜಾಗ 1996ರ ಕಾಯ್ದೆಯಿಂದಲೇ ತನ್ನದಾಗಿದೆ ಎಂಬುದು ಸರ್ಕಾರದ ವಾದ. 2025ರಲ್ಲಿ ಅದು ಸುಗ್ರೀವಾಜ್ಞೆಯನ್ನೂ ತಂದಿತು. ಯಾರ ವಾದ ಸರಿಯೆಂಬುದನ್ನು ನ್ಯಾಯಾಲಯ ತೀರ್ಮಾನಿಸಲಿ. ದೊಡ್ಡ ವಕೀಲರನ್ನು ಇಡಬಲ್ಲ ರಾಜಮನೆತನವೇ ಇಷ್ಟು ವರ್ಷ ಅಲೆಯಬೇಕಾದರೆ, ಹತ್ತಡಿ ಅಂಗಡಿಯ ದರ್ಜಿಯ ಗತಿಯೇನು? ಅವನ ಕಾಯಕದ ನೆಲೆಯೇ ಆ ಹತ್ತಡಿ.

ಓದುಗರಲ್ಲಿ ನನ್ನ ವಿನಂತಿ: ನಿಮ್ಮ ಬೀದಿಗೆ ಅಗಲೀಕರಣ ಬಂದರೆ ಲಿಖಿತ ನೋಟಿಸ್ ಮತ್ತು ಸರ್ವೆ ನಕ್ಷೆ ಕೇಳಿ ಪಡೆಯಿರಿ. ಗಡುವಿನೊಳಗೆ ಆಕ್ಷೇಪಣೆ ಬರೆದುಕೊಟ್ಟು ಸ್ವೀಕೃತಿ ಇಟ್ಟುಕೊಳ್ಳಿ. ಬಾಯಿಮಾತಿನ ಭರವಸೆಗೆ ಜಾಗ ಬಿಟ್ಟುಕೊಡಬೇಡಿ.

ಇನ್ನೊಂದು ಮಾತು ನಮಗೇ. ನಮ್ಮ ಮಠದ, ಸಂಘದ, ಕಲ್ಯಾಣಮಂಟಪದ ಕಾಂಪೌಂಡು ರಸ್ತೆಯ ಮೇಲೆ ಬಂದಿದ್ದರೆ ಅಧಿಕಾರಿಗಳ ಮೇಲೆ ಪ್ರಭಾವ ಬೀರಿ ರೇಖೆ ಸರಿಸುವುದು ಬೇಡ. ನಾವೇ ಮುಂದೆ ನಿಂತು ಗೋಡೆ ಹಿಂದಕ್ಕೆ ಕಟ್ಟೋಣ. ಎದುರು ಬದಿಯ ಬಡವನಿಗೆ ಆಗ ನಾವು ನ್ಯಾಯ ಕೇಳಬಹುದು.