ಕತಾರ್‌ನ ಜನಸಂಖ್ಯೆ ಏರಿದ್ದು ಯಾವಾಗ?

2022ರ ಫುಟ್‌ಬಾಲ್ ವಿಶ್ವಕಪ್ ಕತಾರ್ ಎಂಬ ಪುಟ್ಟ ದೇಶದ ಹೆಸರನ್ನು ಮನೆಮನೆಗೆ ತಲುಪಿಸಿತು. ಅದರ ಜೊತೆಗೇ ಒಂದು ತಿಳಿವಳಿಕೆಯೂ ಬೇರೂರಿತು. ಕ್ರೀಡಾಂಗಣ, ಮೆಟ್ರೊ, ಹೋಟೆಲುಗಳನ್ನು ಕಟ್ಟಲು ಹೊರದೇಶಗಳಿಂದ ಜನ ಬಂದರು, ಅಲ್ಲಿನ ಜನಸಂಖ್ಯೆ ದಿಢೀರನೆ ಏರಿದ್ದು ಅದರಿಂದಲೇ ಎಂದು ಬಹಳ ಮಂದಿ ನಂಬಿದ್ದಾರೆ. ಇದು ಎಷ್ಟು ಸರಿ? ಉತ್ತರಕ್ಕೆ ತಜ್ಞರ ಬಳಿ ಹೋಗಬೇಕಾಗಿಲ್ಲ. ಜನಗಣತಿಯ ಒಂದು ಪಟ್ಟಿ ಇದ್ದರೆ, ಕಳೆಯಲು ಮತ್ತು ಭಾಗಿಸಲು ಬಂದರೆ ಸಾಕು.

ವಿಸ್ತೀರ್ಣದಲ್ಲಿ ಕತಾರ್ ನಮ್ಮ ತುಮಕೂರು ಜಿಲ್ಲೆಗಿಂತ ತುಸು ದೊಡ್ಡದು. ಆರು ಜನಗಣತಿಗಳಲ್ಲಿ ಅಲ್ಲಿ ಎಣಿಕೆಯಾದ ಜನರ ಸಂಖ್ಯೆ ಹೀಗಿದೆ:

1986 – 3,69,079
1997 – 5,22,023
2004 – 7,44,029
2010 – 16,99,435
2015 – 24,04,776
2020 – 28,46,118

ಸಂಖ್ಯೆ ಏರುತ್ತಲೇ ಹೋಗಿದೆ ಎಂಬುದು ನೋಡಿದ ಕೂಡಲೇ ಗೊತ್ತಾಗುತ್ತದೆ. ಎಷ್ಟು ವೇಗವಾಗಿ ಏರಿತು ಎಂಬುದು ಮಾತ್ರ ಗೊತ್ತಾಗುವುದಿಲ್ಲ, ಏಕೆಂದರೆ ಎಣಿಕೆಗಳ ನಡುವಿನ ಅಂತರ ಒಂದೇ ಸಮನಾಗಿಲ್ಲ. ಮೊದಲ ಎರಡು ಸಾಲುಗಳ ನಡುವೆ 11 ವರ್ಷ, ಕೊನೆಯ ಎರಡರ ನಡುವೆ 5 ವರ್ಷ. ಆದ್ದರಿಂದ ಪ್ರತಿ ಅವಧಿಯಲ್ಲಿ ಹೆಚ್ಚಿದ ಜನರನ್ನು ಆ ಅವಧಿಯ ವರ್ಷಗಳಿಂದ ಭಾಗಿಸಬೇಕು. ಹಾಗೆ ಸಿಗುವುದೇ ಸರಾಸರಿ ಬದಲಾವಣೆ ದರ, ಅಂದರೆ ವರ್ಷವೊಂದಕ್ಕೆ ಬಿದ್ದ ಪಾಲು.

2004ರಿಂದ 2010ರ ಅವಧಿಯನ್ನೇ ತೆಗೆದುಕೊಳ್ಳೋಣ. 16,99,435ರಲ್ಲಿ 7,44,029 ಕಳೆದರೆ 9,55,406. ಅದನ್ನು 6ರಿಂದ ಭಾಗಿಸಿದರೆ ವರ್ಷಕ್ಕೆ ಸುಮಾರು 1,59,234 ಜನ. ಇನ್ನೂ ಸಣ್ಣದಾಗಿ ಒಡೆದರೆ ದಿನಕ್ಕೆ 436. ಬಂದವರಲ್ಲಿ ಹೋದವರನ್ನು ಕಳೆದು, ಹುಟ್ಟು ಸಾವುಗಳನ್ನೂ ಸೇರಿಸಿ ಉಳಿದ ಸಂಖ್ಯೆ ಇದು. ಆರು ವರ್ಷ ಪ್ರತಿ ಬೆಳಿಗ್ಗೆಯೂ ಇಷ್ಟು ಜನರಿಗೆ ಹೊಸದಾಗಿ ಹಾಸಿಗೆ, ನೀರು, ಬಸ್ಸಿನ ಆಸನ ಬೇಕಾಗಿತ್ತು.

ಉಳಿದ ಅವಧಿಗಳ ಲೆಕ್ಕವೂ ಹೀಗೆಯೇ. 1986–97ರಲ್ಲಿ ವರ್ಷಕ್ಕೆ 13,904 ಜನ ಹೆಚ್ಚಿದರೆ 1997–2004ರಲ್ಲಿ 31,715. 2010–15ರಲ್ಲಿ 1,41,068, 2015–20ರಲ್ಲಿ 88,268.

ವಿಶ್ವಕಪ್ ಕತಾರ್‌ಗೆ ಎಂದು ಫಿಫಾ ಘೋಷಿಸಿದ್ದು 2010ರ ಡಿಸೆಂಬರ್ 2ರಂದು. ಅದೇ ವರ್ಷದ ಜನಗಣತಿ ಏಪ್ರಿಲ್‌ನಲ್ಲೇ ಮುಗಿದಿತ್ತು. ಅಂದರೆ ಎಲ್ಲಕ್ಕಿಂತ ವೇಗದ ಏರಿಕೆ ಕಂಡ ಆರು ವರ್ಷಗಳು ಆ ಘೋಷಣೆಗೂ ಮುಂಚಿನವು. ಕಾರಣವನ್ನು ಬೇರೆ ಕಡೆ ಹುಡುಕಬೇಕು. 1971ರಲ್ಲಿ ಪತ್ತೆಯಾದ ನಾರ್ತ್ ಫೀಲ್ಡ್ ಅನಿಲ ನಿಕ್ಷೇಪದಿಂದ ತೆಗೆದ ಅನಿಲವನ್ನು ವಿಪರೀತ ತಣಿಸಿ, ದ್ರವವಾಗಿಸಿ, ಹಡಗಿಗೆ ತುಂಬಿ ಕಳಿಸುವ ಉದ್ಯಮ 1996ರ ಕೊನೆಯಲ್ಲಿ ಜಪಾನಿಗೆ ಹೊರಟ ಮೊದಲ ಹಡಗಿನಿಂದ ಶುರುವಾಯಿತು. 2010ರ ಡಿಸೆಂಬರ್ ಹೊತ್ತಿಗೆ ವರ್ಷಕ್ಕೆ 7.7 ಕೋಟಿ ಟನ್ ಸಾಮರ್ಥ್ಯ ಮುಟ್ಟಿತು. ರಾಸ್ ಲಫಾನ್ ಕೈಗಾರಿಕಾ ನಗರದಲ್ಲಿ ಅನಿಲವನ್ನು ದ್ರವವಾಗಿಸುವ ಬೃಹತ್ ಘಟಕಗಳು ಎದ್ದದ್ದು 2004–10ರ ಈ ವರ್ಷಗಳಲ್ಲಿ. ಅನಿಲದ ಹಣದಿಂದ ರಾಜಧಾನಿ ದೋಹಾದ ರಸ್ತೆ, ಗೋಪುರ, ವಿಶ್ವವಿದ್ಯಾಲಯಗಳು ಬೆಳೆದದ್ದೂ, 2006ರ ಏಷ್ಯನ್ ಗೇಮ್ಸ್ ನಡೆದದ್ದೂ ಆಗಲೇ. ಫುಟ್‌ಬಾಲ್ ಬಂದದ್ದು ಆಗಲೇ ಭರದಿಂದ ಏರುತ್ತಿದ್ದ ಊರಿಗೆ. ಪಟ್ಟಿ ಕಾರಣವನ್ನು ಹೇಳುವುದಿಲ್ಲ ನಿಜ, ಆದರೆ ಯಾವ ಕಾರಣ ಕಾಲಕ್ಕೆ ಹೊಂದುವುದಿಲ್ಲ ಎಂಬುದನ್ನು ಖಂಡಿತವಾಗಿ ಹೇಳುತ್ತದೆ. ವಿಶ್ವಕಪ್‌ನ ಪಾಲು 2010ರ ನಂತರದ ಸಾಲುಗಳಲ್ಲಿದೆ. ಅದೇನೂ ಸಣ್ಣದಲ್ಲ, ಆದರೆ ಅಲ್ಲಿ ವೇಗ ಇಳಿಯುತ್ತಿದೆ.

ಇಷ್ಟರಲ್ಲೇ ಲೆಕ್ಕ ಮುಗಿಯುವುದಿಲ್ಲ. ವರ್ಷಕ್ಕೆ ಇಷ್ಟು ಜನ ಎಂದು ಅಳೆಯುವುದು ಒಂದು ಬಗೆ, ಇದ್ದವರಿಗೆ ಹೋಲಿಸಿ ಶೇಕಡಾವಾರು ಅಳೆಯುವುದು ಇನ್ನೊಂದು. ಎರಡೂ ಒಂದೇ ಚಿತ್ರ ಕೊಡಬೇಕೆಂದಿಲ್ಲ. 1986–97ರ ಏರಿಕೆ ಒಟ್ಟು ಶೇ 41.4, 1997–2004ರದು ಶೇ 42.5, 2010–15ರದು ಶೇ 41.5. ಮೂರೂ ಹೆಚ್ಚುಕಡಿಮೆ ಒಂದೇ. ಆದರೆ ಮೊದಲನೆಯದಕ್ಕೆ 11 ವರ್ಷ ಹಿಡಿದರೆ, ಎರಡನೆಯದಕ್ಕೆ 7, ಮೂರನೆಯದಕ್ಕೆ ಬರೀ 5. ಶೇಕಡಾ ಮಾತ್ರ ಹೇಳಿ ವರ್ಷ ಹೇಳದಿದ್ದರೆ ಮೂರೂ ಸಮ ಎಂದೇ ಓದುಗರು ತಿಳಿಯುತ್ತಾರೆ.

ಶೇಕಡಾವಾರನ್ನು ವರ್ಷಗಳಿಂದ ನೇರವಾಗಿ ಭಾಗಿಸಿದರೂ ಎಡವುತ್ತೇವೆ. 2004–10ರ ಏರಿಕೆ ಶೇ 128.4. ಆರರಿಂದ ಭಾಗಿಸಿದರೆ ವರ್ಷಕ್ಕೆ ಶೇ 21.4. ಸರಿಯೇ ಎಂದು ಪರೀಕ್ಷಿಸೋಣ: 7.44 ಲಕ್ಷ ಜನ ವರ್ಷವರ್ಷವೂ ಶೇ 21.4ರಂತೆ ಹೆಚ್ಚಿದರೆ ಆರು ವರ್ಷಕ್ಕೆ ಸುಮಾರು 23.8 ಲಕ್ಷ ಆಗಬೇಕು. ಎಣಿಕೆಯಲ್ಲಿ ಸಿಕ್ಕವರು 17 ಲಕ್ಷಕ್ಕೂ ಕಡಿಮೆ. ತಪ್ಪು ಎಲ್ಲಿದೆ ಎಂದರೆ, ಶೇಕಡಾ ಏರಿಕೆ ಚಕ್ರಬಡ್ಡಿಯ ಹಾಗೆ ಕೂಡುತ್ತದೆ. ಮೊದಲ ವರ್ಷ ಹೆಚ್ಚಿದವರ ಮೇಲೂ ಎರಡನೇ ವರ್ಷದ ದರ ಕೂರುತ್ತದೆ. ಚಕ್ರಬಡ್ಡಿಯ ರೀತಿಯಲ್ಲಿ ಲೆಕ್ಕ ಹಾಕಿದರೆ ಬರುವ ದರ ಸುಮಾರು ಶೇ 14.8. ಇದೂ ಅಸಾಧಾರಣವೇ. ಕರ್ನಾಟಕದ ಜನಸಂಖ್ಯೆ 2001ರಿಂದ 2011ರವರೆಗೆ 5,28,50,562ರಿಂದ 6,10,95,297ಕ್ಕೆ ಏರಿತು. ತಲೆ ಎಣಿಸಿದರೆ ವರ್ಷಕ್ಕೆ 8.24 ಲಕ್ಷ, ಅಂದರೆ ಕತಾರ್‌ನ ಐದು ಪಟ್ಟು. ದರ ನೋಡಿದರೆ ವರ್ಷಕ್ಕೆ ಸುಮಾರು ಶೇ 1.46, ಕತಾರ್‌ನ ಹತ್ತನೇ ಒಂದು ಪಾಲು.

ಹಾಗಾದರೆ ಯಾವುದನ್ನು ನಂಬಬೇಕು? ಕೇಳುವ ಪ್ರಶ್ನೆಯ ಮೇಲೆ ಹೋಗುತ್ತದೆ. ಕತಾರ್‌ನಲ್ಲಿ 1986–97ರ ವಾರ್ಷಿಕ ದರ ಸುಮಾರು ಶೇ 3.2, 2015–20ರದು ಶೇ 3.4. ದರದಲ್ಲಿ ಎರಡೂ ಅವಳಿಜವಳಿ. ಆದರೆ ಜನರ ಲೆಕ್ಕದಲ್ಲಿ ಎರಡನೆಯದು ಆರು ಪಟ್ಟಿಗೂ ಹೆಚ್ಚು. ನದಿಯಿಲ್ಲದ ಆ ದೇಶ ಕುಡಿಯುವ ನೀರಿಗೆ ಸಮುದ್ರದ ಉಪ್ಪುನೀರನ್ನು ಸಿಹಿಯಾಗಿಸಬೇಕು. ಅಲ್ಲಿ ನೀರಿನ ಯೋಜನೆ ಮಾಡುವವರಿಗೆ ಶೇಕಡಾಕ್ಕಿಂತ ತಲೆಯೆಣಿಕೆ ಮುಖ್ಯ. ಒಂದು ಸಮಾಜ ಹೊಸಬರನ್ನು ಎಷ್ಟು ಬೇಗ ಒಳಗೆ ತೆಗೆದುಕೊಳ್ಳಬೇಕಾಯಿತು ಎಂದು ಕೇಳುವವರಿಗೆ ಶೇಕಡಾ ಮುಖ್ಯ.

ಎರಡು ಎಚ್ಚರಿಕೆಗಳನ್ನು ಹೇಳಲೇಬೇಕು. ಐದು ಅವಧಿಗಳ ದರಗಳನ್ನು ಕೂಡಿ ಐದರಿಂದ ಭಾಗಿಸಿದರೆ 86,838 ಬರುತ್ತದೆ. 34 ವರ್ಷಗಳ ನಿಜವಾದ ಸರಾಸರಿ 72,854. ಹನ್ನೊಂದು ವರ್ಷದ ನಿಧಾನಗತಿಗೂ ಐದು ವರ್ಷದ ವೇಗಕ್ಕೂ ಒಂದೇ ತೂಕ ಕೊಟ್ಟದ್ದರಿಂದ ಆದ ವ್ಯತ್ಯಾಸ ಇದು. ಎರಡನೆಯದು, ಆರಂಭ ಮತ್ತು ಕೊನೆಯ ದಿನಗಳ ಆಯ್ಕೆ. ಕತಾರ್ ಪ್ರತಿ ತಿಂಗಳ ಕೊನೆಗೆ ಗಡಿಯೊಳಗೆ ಇರುವವರ ಸಂಖ್ಯೆಯನ್ನು ಪ್ರಕಟಿಸುತ್ತದೆ. ಬೇಸಿಗೆ ರಜೆ ಬಂದು ದೋಹಾದ ಶಾಲೆಗಳು ಮುಚ್ಚಿದರೆ ಕನ್ನಡ, ತುಳು ಕುಟುಂಬಗಳು ಮಂಗಳೂರು, ಬೆಂಗಳೂರಿನ ವಿಮಾನ ಹತ್ತುತ್ತವೆ. ಬಾಡಿಗೆ ಮನೆ ಹಾಗೇ ಇದೆ, ಕೆಲಸ ಹಾಗೇ ಇದೆ, ಮಕ್ಕಳ ಸೀಟು ಹಾಗೇ ಇದೆ. ಆದರೂ ಜುಲೈ ಕೊನೆಯ ಪಟ್ಟಿಯಲ್ಲಿ ಅವರು ಇಲ್ಲ. ಮೇ ತಿಂಗಳಿಗೆ ಜುಲೈಯನ್ನು ಹೋಲಿಸಿದವರಿಗೆ ಜನ ದೇಶ ಬಿಟ್ಟು ಹೋಗುತ್ತಿದ್ದಾರೆ ಎಂದು ಕಾಣುತ್ತದೆ. ಜುಲೈಯನ್ನು ಹಿಂದಿನ ಜುಲೈಗೆ ಹೋಲಿಸುವುದೇ ಸರಿಯಾದ ಕ್ರಮ.

ಈ ಲೆಕ್ಕ ನಮಗೂ ಬೇಗನೇ ಬೇಕಾಗಲಿದೆ. ಭಾರತದ ಮುಂದಿನ ಜನಗಣತಿಯ ಆಧಾರ ದಿನ 2027ರ ಮಾರ್ಚ್ 1. ಹಿಂದಿನದು 2011ರ ಮಾರ್ಚ್ 1. ನಡುವೆ 16 ವರ್ಷ. ಇಷ್ಟು ಕಾಲ ಹತ್ತು ವರ್ಷದ ಏರಿಕೆಯನ್ನೇ ಓದಿ ರೂಢಿಯಾದ ನಾವು, ಕರ್ನಾಟಕದ ಹೊಸ ಶೇಕಡಾವನ್ನು 2001–11ರ ಶೇ 15.6ರ ಪಕ್ಕದಲ್ಲಿಟ್ಟು ಗಾಬರಿಯಾಗುವ ಸಂಭವವಿದೆ. ಹಳೆಯ ವೇಗವೇ ಮುಂದುವರಿದಿದ್ದರೂ 16 ವರ್ಷಕ್ಕೆ ಏರಿಕೆ ಸುಮಾರು ಶೇ 26 ಆಗುತ್ತದೆ. ಅದಕ್ಕಿಂತ ಕಡಿಮೆ ಬಂದರೆ ವೇಗ ತಗ್ಗಿದೆ ಎಂದೇ ಅರ್ಥ. ಪತ್ರಿಕೆಗಳೂ ಇಲಾಖೆಗಳೂ ಆ ಅಂಕಿಗಳನ್ನು ಪ್ರಕಟಿಸುವಾಗ ಅವಧಿಯ ವರ್ಷಗಳಿಗೆ ಒಂದು ಅಂಕಣ, ವಾರ್ಷಿಕ ದರಕ್ಕೆ ಇನ್ನೊಂದು ಅಂಕಣ ಮೀಸಲಿಡಬೇಕು ಎಂಬುದು ನನ್ನ ಅಭಿಪ್ರಾಯ. ಕ್ಷೇತ್ರಗಳ ಮರುವಿಂಗಡಣೆ, ಅನುದಾನದ ಹಂಚಿಕೆ ಮುಂತಾದ ಬಿಸಿ ಚರ್ಚೆಗಳು ಆ ಸಂಖ್ಯೆಗಳ ಮೇಲೆಯೇ ನಡೆಯಲಿವೆ.