ಯಮುನೆಯಾದವರು ಯಾರು?

ಪುಣೆಯ ರಾಷ್ಟ್ರೀಯ ಚಲನಚಿತ್ರ ಭಂಡಾರದಲ್ಲಿ ಉಳಿದಿದ್ದ ಮೂಲ ನೆಗೆಟಿವ್‌ನ ನೆರವಿನಿಂದ 'ಘಟಶ್ರಾದ್ಧ' ಹೊಸ ಜೀವ ಪಡೆಯಿತು. 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೆರೆ ಕಂಡಿತು. 1977ರ ಈ ಚಿತ್ರದ ಮಾತು ಬಂದಾಗಲೆಲ್ಲ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಕಲಿತು ಬಂದ ಗಿರೀಶ ಕಾಸರವಳ್ಳಿ ನೆನಪಾಗುತ್ತಾರೆ. ಕತೆಯ ಅನಂತಮೂರ್ತಿ, ಸಂಗೀತದ ಬಿ.ವಿ. ಕಾರಂತ, ಛಾಯಾಗ್ರಹಣದ ಎಸ್. ರಾಮಚಂದ್ರ ಕೂಡ. ಯಮುನೆಯಾಗಿ ನಟಿಸಿದ ಮೀನಾ ಕುಟ್ಟಪ್ಪ ಅವರ ಹೆಸರು ಮಾತ್ರ ನಾಲಿಗೆಗೆ ಬರುವುದೇ ಇಲ್ಲ.

ಹೊಸ ಅಲೆಯ ಸಿನಿಮಾ ನಿರ್ದೇಶಕನದು, ನಟರು ಅವನ ಕೈಯ ಮಣ್ಣು ಎಂಬ ವಾದವಿದೆ. ಫ್ರಾನ್ಸಿನ ಬ್ರೆಸಾನ್ ತನ್ನ ನಟರನ್ನು 'ಮಾಡೆಲ್' ಎಂದೇ ಕರೆಯುತ್ತಿದ್ದ. ಆದರೆ ಯಮುನೆಯನ್ನು ನೋಡಿದವರಿಗೆ ಈ ವಾದ ಒಪ್ಪಿಗೆಯಾಗುವುದು ಕಷ್ಟ. ಹುತ್ತದೊಳಗೆ ಕೈಯಿಡುವಾಗಿನ ಆ ನಿಶ್ಚಲತೆ, ಕೊನೆಯಲ್ಲಿ ತಲೆ ಬೋಳಿಸಿಕೊಂಡು ಮರದಡಿ ಕೂತ ಆ ದೇಹ: ಚಿತ್ರಕತೆ ಇವನ್ನು ಕೇಳಬಲ್ಲದು, ಕೊಡಲಾರದು. ಜಾತಿಯಿಂದ ಹೊರದೂಡಿದ ಹೆಣ್ಣು ಅಲ್ಲಿ ಅತ್ತು ಕರೆದಿದ್ದರೆ ನಾವು ಕಣ್ಣೊರೆಸಿಕೊಂಡು ಮನೆಗೆ ಹೋಗಿಬಿಡುತ್ತಿದ್ದೆವು.

ಡ್ರೆಯರ್‌ನ 1928ರ ಜೋನ್ ಆಫ್ ಆರ್ಕ್ ಚಿತ್ರದಲ್ಲೂ ತಲೆಗೂದಲು ತೆಗೆಸಿಕೊಂಡ ಹೆಣ್ಣಿನ ಮುಖವಿದೆ. ಫಾಲ್ಕೊನೆಟ್ಟಿ ಮುಖ್ಯವಾಗಿ ರಂಗಭೂಮಿಯ ನಟಿ. ಸಿನಿಮಾದಲ್ಲಿ ಆಕೆಯನ್ನು ನೆನೆಯುವುದು ಈ ಒಂದೇ ಪಾತ್ರಕ್ಕಾಗಿ. ಹಾಗಿದ್ದೂ ಯುರೋಪಿನ ವಿಮರ್ಶಕರು ಡ್ರೆಯರ್ ಎಂದಾಗ ಆಕೆಯ ಹೆಸರನ್ನೂ ಹೇಳುತ್ತಾರೆ. ಚಿತ್ರಗಳ ಸಂಖ್ಯೆಯಿಂದ ನಟಿಯನ್ನು ಅಳೆಯುವುದು ಗಾಂಧಿನಗರದ ಲೆಕ್ಕ, ಕಲಾತ್ಮಕ ಸಿನಿಮಾದವರಿಗೂ ಅದೇ ಅಂಟಿಕೊಂಡಿದೆ. ನೆಗೆಟಿವ್‌ನ ಗೀರು ಅಳಿಸಲು ಅಷ್ಟು ಶ್ರಮ ಪಟ್ಟ ಮೇಲೆ, ಮುಂದಿನ ಪ್ರದರ್ಶನದ ಕರಪತ್ರದಲ್ಲಿ ಮೀನಾ ಕುಟ್ಟಪ್ಪ ಅವರ ಹೆಸರನ್ನು ನಿರ್ದೇಶಕರ ಹೆಸರಿನ ಪಕ್ಕದಲ್ಲೇ ಅಚ್ಚು ಹಾಕಲು ಅಡ್ಡಿಯೇನು?